ಗೇಟಿನ ಬೋರ್ಡು ಗುಜರಾತಿ, ಕಥೆ ದಾವಣಗೆರೆಯದು

ದಾವಣಗೆರೆಯ ಓದುಗರೊಬ್ಬರ ಪತ್ರ: "ನಮ್ಮೂರಿನ ಹತ್ತಿ ಗಿರಣಿಗಳ ಬಗ್ಗೆ ಟಿವಿಯಲ್ಲಿ ಸಾಕ್ಷ್ಯಚಿತ್ರ ಬಂತು. ಕೆಲಸಗಾರರು ಗೇಟಿನಿಂದ ಹೊರಬರುವ ಹಳೇ ದೃಶ್ಯ ಹಾಕಿದ್ದರು. ಬೋರ್ಡು ನೋಡಿದರೆ ಗುಜರಾತಿ! ಜನ ಬೇರೆ ಓಡಿದ ಹಾಗೆ ನಡೆಯುತ್ತಿದ್ದರು. ನಮ್ಮ ತಂದೆ ಇಲ್ಲಿನ ಗಿರಣಿಯಲ್ಲಿ ದುಡಿದವರು. ಇದು ಮೋಸ ಅಲ್ವಾ? ನಮ್ಮ ಅಕ್ಕನ 1989ರ ಮದುವೆ ಕ್ಯಾಸೆಟ್ಟಿನಲ್ಲಿ ನಿಜವಾದ ಗಿರಣಿಯ ಚಿಮಣಿಯೇ ಇದೆ. ಯಾರಿಗಾದರೂ ಬೇಕಾ?"

ಸಂಪಾದಕರ ಉತ್ತರ:

ಮೋಸ ಅನ್ನುವುದಕ್ಕಿಂತ ಸೋಮಾರಿತನ ಅನ್ನಿ. ಎಡಿಟಿಂಗ್‌ಗೆ ಕೂತಾಗ ನಿರೂಪಣೆಯ ಧ್ವನಿ ಮೊದಲೇ ಸಿದ್ಧ ಇರುತ್ತದೆ. 'ಒಂದು ಕಾಲಕ್ಕೆ ಇಲ್ಲಿ ಸೈರನ್ ಕೂಗುತ್ತಿತ್ತು' ಅನ್ನುವ ಸಾಲಿಗೆ ಎಂಟು ಸೆಕೆಂಡಿನ ಚಿತ್ರ ಬೇಕು. ದಾವಣಗೆರೆಯದು ಕೈಗೆ ಸಿಗಲಿಲ್ಲ, ಇನ್ಯಾವುದೋ ಊರಿನದು ಸಿಕ್ಕಿತು, ಹಾಕಿದರು. ಮೂಲೆಯಲ್ಲಿ 'ಸಾಂದರ್ಭಿಕ ದೃಶ್ಯ' ಅಂತ ಹಾಕಿದ್ದರೂ ನನ್ನ ತಕರಾರು ಇರುತ್ತಿರಲಿಲ್ಲ. ನಾವೂ ಸಾಚಾ ಅಲ್ಲ ಬಿಡಿ. ಒಮ್ಮೆ ಚಿತ್ರದುರ್ಗದ ಲೇಖನಕ್ಕೆ ಬೇರೆ ಕೋಟೆಯ ಬಾಗಿಲು ಅಚ್ಚು ಹಾಕಿ ದುರ್ಗದವರಿಂದ ಚೆನ್ನಾಗಿ ಉಗಿಸಿಕೊಂಡಿದ್ದೇವೆ.

ಜನ ಓಡಿದ ಹಾಗೆ ಕಂಡದ್ದು ಹಳೇ ರೋಗ. ಮೂಕಿ ಕಾಲದಲ್ಲಿ ಕ್ಯಾಮೆರಾವನ್ನು ಕೈಯಲ್ಲಿ ತಿರುಗಿಸುತ್ತಾ ಸೆಕೆಂಡಿಗೆ 16–18 ಫ್ರೇಮ್, ಅಂದರೆ ಬಿಡಿ ಚಿತ್ರ, ತೆಗೆಯುತ್ತಿದ್ದರು. ನಮ್ಮ ಟಿವಿಯ ಲೆಕ್ಕ 25. ಹಾಗೇ ಓಡಿಸಿದರೆ ನಡಿಗೆ ಸುಮಾರು ಒಂದೂವರೆ ಪಟ್ಟು ಚುರುಕು. ದುಡಿದು ಸುಸ್ತಾಗಿ ಬರುವವರು ನಗೆನಾಟಕದ ಪಾತ್ರಗಳ ಹಾಗೆ ಕಾಣುತ್ತಾರೆ. ನನಗೆ ಬೋರ್ಡಿಗಿಂತ ಇದೇ ಜಾಸ್ತಿ ನೋವು. ವೇಗ ಸರಿ ಮಾಡುವುದು ಈಗ ಕಷ್ಟದ ಕೆಲಸವೂ ಅಲ್ಲ.

ಹಳೇ ದೃಶ್ಯ ಹುಡುಕುವವರಿಗೆ 1948ರಲ್ಲಿ ಶುರುವಾದ ಕೇಂದ್ರ ಸರ್ಕಾರದ ಫಿಲ್ಮ್ಸ್ ಡಿವಿಷನ್ನಿನ ವಾರ್ತಾಚಿತ್ರಗಳಿವೆ, ಪುಣೆಯಲ್ಲಿ 1964ರಿಂದ ಚಲನಚಿತ್ರ ಸಂಗ್ರಹಾಲಯವಿದೆ. ಆದರೆ ಆ ಕ್ಯಾಮೆರಾಗಳು ಹೆಚ್ಚಾಗಿ ಹೋದದ್ದು ಮಂತ್ರಿಗಳು, ಅಣೆಕಟ್ಟುಗಳು ಇದ್ದ ಕಡೆಗೆ. ನಮ್ಮೂರಿನ ಬೀದಿಗೆ ಬಂದದ್ದು ಮದುವೆ ವಿಡಿಯೋದವರು. ಹಾಗಾಗಿ ನಿಮ್ಮ ಕ್ಯಾಸೆಟ್ ಖಂಡಿತ ಬೇಕು.

ಸಿಕ್ಕಿತು ಅಂತ ಸುಮ್ನೆ ಪ್ಲೇಯರಿಗೆ ಹಾಕಬೇಡಿ. ಕ್ಯಾಸೆಟ್ಟಿನ ಕಿಂಡಿಯಲ್ಲಿ ನೋಡಿ. ಟೇಪಿನ ಅಂಚಿನಲ್ಲಿ ಬಿಳಿ ಪುಡಿ ಕಂಡರೆ ಅದು ಬೂಷ್ಟು. ಓಡಿಸಿದರೆ ಪ್ಲೇಯರಿನೊಳಗೆ ಟೇಪು ಓದುವ ಹೆಡ್ಡೂ ಕೊಳಕು, ಟೇಪೂ ಹಾಳು. ಕಂಪ್ಯೂಟರಿಗೆ ಇಳಿಸುವವರಿಗೆ ಹಳೇ ಟಿವಿಯ 4:3 (ಅಗಲ ನಾಲ್ಕು, ಎತ್ತರ ಮೂರು) ಅಳತೆಯಲ್ಲೇ ಇಡಲು ಹೇಳಿ. ಈಗಿನ ಅಗಲ ಪರದೆಗೆ ಎಳೆದರೆ ಮದುಮಗಳ ಮುಖ ಕುಂಬಳಕಾಯಿ ಆಗುತ್ತದೆ.

ಹಕ್ಕಿನ ವಿಚಾರ. ದುಡ್ಡು ಕೊಟ್ಟು ತೆಗೆಸಿದವರು ನಿಮ್ಮ ತಂದೆಯವರಾದರೆ, ಬೇರೆ ಕರಾರು ಇಲ್ಲದಿದ್ದರೆ, 1957ರ ಕೃತಿಸ್ವಾಮ್ಯ ಕಾಯ್ದೆಯ ಪ್ರಕಾರ ಅದು ಅವರದೇ. ಆದರೆ ಆ ಕಾಲದ ಮದುವೆ ಕ್ಯಾಸೆಟ್ ಗೊತ್ತಲ್ಲ, ಧಾರೆಯಿಂದ ಊಟದ ಪಂಕ್ತಿವರೆಗೆ ಸಿನಿಮಾ ಹಾಡು ಕೂರಿಸಿರುತ್ತಾರೆ. ಆ ಹಾಡು ನಿಮ್ಮದಲ್ಲ. ಯಾರಿಗಾದರೂ ಕೊಡುವಾಗ ಚಿಮಣಿ ಕೊಡಿ, ಹಾಡು ತೆಗೆಸಿ.

ಅಕ್ಕನವರನ್ನು ಒಂದು ಮಾತು ಕೇಳಿ. ಅವರು ಒಪ್ಪಿದರೆ ಆ ಚಿಮಣಿಯ ಚಿತ್ರ ನಮಗೂ ಕಳಿಸಿ. ಯಾವ ಗಿರಣಿಯದು, ಯಾವ ಬೀದಿಯಿಂದ ಕಂಡದ್ದು ಅಂತ ಹಿಂದೆ ಬರೆಯುವುದನ್ನು ಮರೆಯಬೇಡಿ. ಇಲ್ಲದಿದ್ದರೆ ನಾವು ಮತ್ತೆ ಉಗಿಸಿಕೊಳ್ಳಬೇಕಾಗುತ್ತದೆ.