ಬೆನ್ನಿಗೆ ಮುಖ ತಿರುಗಿದ ಜೋಯಿಸರು, ಮಿಥುನ ರಾಶಿಯ ಕವಿ

ಸಾಗರದ ನಿವೃತ್ತ ಮೇಷ್ಟ್ರೊಬ್ಬರು ಬರೆದಿದ್ದಾರೆ: “ಹೋದ ಸಂಚಿಕೆಯ ಡಾಂಟೆ ಲೇಖನದಲ್ಲಿ, ಕವಿ ಜ್ಯೋತಿಷಿಗಳನ್ನು ನರಕಕ್ಕೆ ಹಾಕಿದ ಅಂತ ಮೂರನೇ ಪ್ಯಾರಾ ಹೇಳುತ್ತದೆ. ಅದೇ ಕವಿ ಸ್ವರ್ಗದಲ್ಲಿ ತನ್ನ ಜನ್ಮರಾಶಿಯನ್ನು ಕೊಂಡಾಡಿದ ಅಂತ ಕೊನೇ ಪ್ಯಾರಾ ಹೇಳುತ್ತದೆ. ಯಾವುದು ನಿಜ? ಪ್ರೂಫ್ ನೋಡುವವರು ನಿದ್ದೆ ಮಾಡುತ್ತಿದ್ದರಾ? ಡಾಂಟೆಯಂಥವರೇ ಜಾತಕ ನಂಬುತ್ತಿದ್ದರೆ ನಮ್ಮೂರ ಜೋಯಿಸರನ್ನು ಯಾಕೆ ಬೈಯಬೇಕು?”

ಮೇಷ್ಟ್ರೇ, ಪ್ರೂಫ್ ನೋಡುವವರು ಎಚ್ಚರವಾಗೇ ಇದ್ದರು. ತಪ್ಪು ನನ್ನದು. ಕೊನೇ ಗಳಿಗೆಯಲ್ಲಿ ಒಂದು ಜಾಹೀರಾತು ಬಂತು, ಜಾಗ ಸಾಲಲಿಲ್ಲ, ನಡುವಿನ ಭಾಗಕ್ಕೆ ಕತ್ತರಿ ಹಾಕಿದೆ. ಎರಡೂ ನಿಜವೇ. ಎರಡನ್ನೂ ಕೂಡಿಸುವ ಕೊಂಡಿ ಕತ್ತರಿಗೆ ಸಿಕ್ಕಿತು. ಅದನ್ನು ಇಲ್ಲಿ ಹೇಳಿಬಿಡುತ್ತೇನೆ.

ಮೊದಲು ನರಕ. ಇಟಲಿಯ ಕವಿ ಡಾಂಟೆಯ ‘ಡಿವೈನ್ ಕಾಮೆಡಿ’ ಕಾವ್ಯಕ್ಕೆ ನರಕ, ಶುದ್ಧಿಲೋಕ, ಸ್ವರ್ಗ ಅಂತ ಮೂರು ಭಾಗ, ಮೂರನ್ನೂ ಕವಿ ತಾನೇ ಸುತ್ತುತ್ತಾನೆ. ಇದು ನರಕ ಭಾಗದ 20ನೇ ಸರ್ಗ. ಭವಿಷ್ಯ ಹೇಳಿದವರೆಲ್ಲ ಅಲ್ಲಿ ಹಿಮ್ಮುಖವಾಗಿ ನಡೆಯುತ್ತಿದ್ದಾರೆ. ಮುಖ ಬೆನ್ನ ಕಡೆಗೆ ತಿರುಚಿಹೋಗಿದೆ. ಅತ್ತರೆ ಕಣ್ಣೀರು ಬೆನ್ನಿನ ಮೇಲೆ ಇಳಿದು ಕುಂಡೆಯ ಸಂದಿಗೆ ಹರಿಯುತ್ತದೆ. ಬದುಕಿದ್ದಾಗ ಮುಂದಿನದನ್ನು ಜಾಸ್ತಿ ನೋಡಲು ಹೋದವರಿಗೆ ಈಗ ಹಿಂದಿನದು ಮಾತ್ರ ಕಾಣುತ್ತದೆ. ಚಕ್ರವರ್ತಿ ಎರಡನೇ ಫ್ರೆಡರಿಕ್‌ನ ಆಸ್ಥಾನದ ಮೈಕೆಲ್ ಸ್ಕಾಟ್ ಅಲ್ಲಿದ್ದಾನೆ. ಜ್ಯೋತಿಷದ ದೊಡ್ಡ ಗ್ರಂಥ ಬರೆದ ಗ್ವೀದೊ ಬೊನಾತ್ತಿ ಇದ್ದಾನೆ. ನನಗೆ ನೆನಪಲ್ಲಿ ಉಳಿಯುವವನು ಮಾತ್ರ ಪಾರ್ಮಾ ಊರಿನ ಚಪ್ಪಲಿ ಹೊಲಿಯುವ ಅಸ್ದೆಂತೆ. ತೊಗಲು, ದಾರ ಹಿಡಿದುಕೊಂಡೇ ಇರಬೇಕಿತ್ತು ಅಂತ ಅವನಿಗೆ ಈಗ ಅನ್ನಿಸುತ್ತಿದೆ. ಆದರೆ ಹೊತ್ತು ಮೀರಿದೆ.

ಇನ್ನು ಸ್ವರ್ಗ. ಆ ಭಾಗದ 22ನೇ ಸರ್ಗದಲ್ಲಿ ಡಾಂಟೆ ನಕ್ಷತ್ರಗಳ ಮಂಡಲಕ್ಕೆ ಏರುತ್ತಾನೆ. ಕಾಲಿಟ್ಟದ್ದು ಮಿಥುನ ರಾಶಿಗೆ. 1265ರಲ್ಲಿ ಅವನು ಹುಟ್ಟಿದಾಗ ಸೂರ್ಯ ಇದ್ದದ್ದು ಅಲ್ಲೇ. ತವರಿಗೆ ಬಂದವನ ಹಾಗೆ ಆ ನಕ್ಷತ್ರಗಳನ್ನು ಮಾತಾಡಿಸುತ್ತಾನೆ. ನನ್ನಲ್ಲಿರುವ ಪ್ರತಿಭೆ, ಅದು ಎಷ್ಟೇ ಇರಲಿ, ಎಲ್ಲವೂ ನಿಮ್ಮಿಂದಲೇ ಬಂದದ್ದು ಅನ್ನುತ್ತಾನೆ.

ಇವೆರಡರ ನಡುವೆ, ನೂರು ಸರ್ಗಗಳ ಕಾವ್ಯದ ಸರಿಯಾಗಿ 50ನೆಯದರಲ್ಲಿ, ನಾನು ಕತ್ತರಿಸಿದ ಭಾಗ ಇದೆ. ಅದು ಶುದ್ಧಿಲೋಕದಲ್ಲಿ. ಸಿಟ್ಟಿನವರು ಪಾಪ ತೊಳೆದುಕೊಳ್ಳುವ ಜಾಗ. ಕಣ್ಣು ಬಿಡಲಾಗದಷ್ಟು ಹೊಗೆ. ಲೋಕ ಇಷ್ಟು ಕೆಟ್ಟದ್ದು ಯಾಕೆ, ಗ್ರಹಗತಿಯಿಂದಲಾ ಅಂತ ಡಾಂಟೆ ಕೇಳುತ್ತಾನೆ. ಹೊಗೆಯೊಳಗಿಂದ ಮಾರ್ಕೊ ಎಂಬವನು ನಿಟ್ಟುಸಿರು ಬಿಟ್ಟು, “ತಮ್ಮಾ, ಲೋಕ ಕುರುಡು, ನೀನೂ ಅಲ್ಲಿಂದಲೇ ಬಂದವನು” ಅನ್ನುತ್ತಾನೆ. ಆಮೇಲೆ ಉತ್ತರ ಹೇಳುತ್ತಾನೆ: ನಿಮ್ಮ ಮನಸ್ಸಿನ ಚಲನೆಯನ್ನು ಆಕಾಶ ಶುರು ಮಾಡಿಸುತ್ತದೆ, ಹೌದು. ಎಲ್ಲವನ್ನೂ ಅಲ್ಲ. ಎಲ್ಲವನ್ನೂ ಅಂತಲೇ ಇಟ್ಟುಕೊಂಡರೂ, ಒಳ್ಳೆಯದು ಕೆಟ್ಟದ್ದು ತಿಳಿಯಲು ನಿಮಗೆ ಬೆಳಕು ಇದೆ, ಸ್ವಂತ ಇಚ್ಛೆಯೂ ಇದೆ. ಹಾಗಿಲ್ಲದಿದ್ದರೆ ಒಳ್ಳೆಯವರಿಗೆ ಸುಖ, ಕೆಟ್ಟವರಿಗೆ ದುಃಖ ಕೊಡುವುದಕ್ಕೆ ಏನರ್ಥ?

ಇದು ಕವಿಯ ಸ್ವಂತ ಕಲ್ಪನೆಯೇನಲ್ಲ. 1274ರಲ್ಲಿ ತೀರಿಕೊಂಡ ಕ್ರೈಸ್ತ ಧರ್ಮಪಂಡಿತ ಥಾಮಸ್ ಅಕ್ವಿನಾಸ್ ಇದನ್ನು ಮೊದಲೇ ಬಿಡಿಸಿ ಹೇಳಿದ್ದ. ಗ್ರಹಗಳು ಮೈಯ ಮೇಲೆ ಪ್ರಭಾವ ಬೀರುತ್ತವೆ, ಬುದ್ಧಿ ಮತ್ತು ಇಚ್ಛೆಯ ಮೇಲೆ ನೇರವಾಗಿ ಅಲ್ಲ. ಹಾಗಾದರೆ ಜ್ಯೋತಿಷಿಗಳ ಮಾತು ಎಷ್ಟೋ ಸಲ ನಿಜವಾಗುವುದು ಹೇಗೆ? ಯಾಕೆಂದರೆ ಹೆಚ್ಚಿನ ಜನ ಮೈ ಹೇಳಿದಂತೆ ಕೇಳುತ್ತಾರೆ. ಬಹಳ ಚುಚ್ಚುವ ಉತ್ತರ ಇದು, ಅಲ್ವಾ? ಭವಿಷ್ಯ ನಿಜವಾದರೆ ಅದು ಜೋಯಿಸರ ಹೆಚ್ಚುಗಾರಿಕೆ ಅಲ್ಲ, ನಮ್ಮ ಸೋಮಾರಿತನ.

ಹಾಗಾಗಿ ಆ ಕಾಲದ ಓದಿದವರಿಗೆ ಜಾತಕದಲ್ಲಿ ಎರಡು ಪ್ರಶ್ನೆ ಇದ್ದವು. ನನಗೆ ಮುಂದೆ ಏನಾಗುತ್ತದೆ ಎನ್ನುವುದು ಒಂದು. ಅದನ್ನು ಕೇಳಿದರೆ ನರಕ. ನಾನು ಯಾಕೆ ಹೀಗಿದ್ದೇನೆ ಎನ್ನುವುದು ಇನ್ನೊಂದು. ಅದನ್ನು ಕೇಳಬಹುದಿತ್ತು.

ಹಾಗೆ ಕೇಳಿಕೊಂಡವರಲ್ಲಿ ನನಗೆ ಬಲು ಇಷ್ಟ ಹೆನ್ರಿ ಬಾತೆ. ಈಗಿನ ಬೆಲ್ಜಿಯಂನ ಮೆಖೆಲೆನ್ ಊರಿನವನು. ಹುಟ್ಟಿದ್ದು 1246ರಲ್ಲಿ, ಓದಿದ್ದು ಪ್ಯಾರಿಸ್‌ನಲ್ಲಿ, ಕೆಲಸ ಚರ್ಚಿನಲ್ಲಿ. 1280ರ ಹೊತ್ತಿಗೆ ತನ್ನ ಜಾತಕಕ್ಕೆ ತಾನೇ ಉದ್ದದ ವ್ಯಾಖ್ಯಾನ ಬರೆದ. ತನ್ನ ಬಗ್ಗೆಯೇ ‘ಇವನು’ ಅಂತ ಬರೆದುಕೊಳ್ಳುತ್ತಾನೆ, ಪಕ್ಕದ ಮನೆಯವನ ಜಾತಕ ನೋಡುವ ಹಾಗೆ. ಇವನಿಗೆ ಸಂಗೀತ ಅಂದರೆ ಪ್ರಾಣ, ಹಾಡುತ್ತಾನೆ, ಕುಣಿತವೂ ಇಷ್ಟ. ಪ್ರತಿಯೊಂದಕ್ಕೂ ಆಕಾಶದಲ್ಲಿ ಕಾರಣ ಹುಡುಕುತ್ತಾನೆ. ಸ್ವಲ್ಪ ಯೋಚನೆ ಮಾಡಿ. ವರ್ಷಕ್ಕೊಮ್ಮೆಯಾದರೂ ಪಾಪನಿವೇದನೆ ಮಾಡಲೇಬೇಕು ಅಂತ ಚರ್ಚು 1215ರಲ್ಲೇ ಕಟ್ಟಪ್ಪಣೆ ಹೊರಡಿಸಿತ್ತು. ಅಲ್ಲಿ ಹೇಳಿಕೊಳ್ಳುವುದೆಲ್ಲ ತಪ್ಪುಗಳನ್ನೇ. “ನನಗೆ ಕುಣಿಯೋದು ಇಷ್ಟ” ಎನ್ನುವುದನ್ನು ತಪ್ಪೂ ಅಲ್ಲ, ಒಪ್ಪೂ ಅಲ್ಲ, ನನ್ನ ಸ್ವಭಾವ ಅಂತ ಬರೆಯಲು ಬಾತೆಯಂಥ ಚರ್ಚಿನವನಿಗೆ ಜಾಗ ಎಲ್ಲಿತ್ತು? ಜಾತಕ ಆ ಜಾಗ ಕೊಟ್ಟಿತು. ನನ್ನ ಮಟ್ಟಿಗೆ ಅದು ಜ್ಯೋತಿಷ ಗ್ರಂಥಕ್ಕಿಂತ ಜಾಸ್ತಿ ಆತ್ಮಕಥೆ.

ಬಾತೆ ಕಲಿತದ್ದು ಯಾರಿಂದ ಅಂತ ನೋಡಿದರೆ ದಾರಿ ನಮ್ಮ ಕಡೆಗೂ ತಿರುಗುತ್ತದೆ. ಸ್ಪೇನಿನ ಯಹೂದಿ ಪಂಡಿತ ಇಬ್ನ್ ಎಜ್ರಾನ ಹೀಬ್ರೂ ಜ್ಯೋತಿಷ ಗ್ರಂಥಗಳನ್ನು 1273ರಲ್ಲಿ ಬಾತೆಯ ಮನೆಯಲ್ಲೇ ಫ್ರೆಂಚಿಗೆ ಮಾಡಿಸಲಾಯಿತು. ಇಬ್ನ್ ಎಜ್ರಾನ ಹಿಂದೆ ಅರಬ್ಬರು, ಅರಬ್ಬರ ಹಿಂದೆ ಗ್ರೀಕರು, ಪರ್ಷಿಯನ್ನರು, ನಮ್ಮವರು. ಬಾಗ್ದಾದಿನ ಜ್ಯೋತಿಷಿ ಅಬು ಮಾಷರ್ ಒಂದೊಂದು ರಾಶಿಯ ಮೂರು ಪಾಲುಗಳಿಗೆ, ಅಂದರೆ ದ್ರೇಕ್ಕಾಣಗಳಿಗೆ, ಭಾರತೀಯರು ಹೇಳುವ ರೂಪಗಳನ್ನೂ ಕೊಟ್ಟಿದ್ದ. ಅವು ವರಾಹಮಿಹಿರನ ‘ಬೃಹಜ್ಜಾತಕ’ದವು. ಮೇಷದ ಮೊದಲ ದ್ರೇಕ್ಕಾಣ ನೆನಪಿದೆಯಾ? ಸೊಂಟಕ್ಕೆ ಬಿಳಿ ಬಟ್ಟೆ ಸುತ್ತಿದ, ಕೆಂಗಣ್ಣಿನ, ಕೊಡಲಿ ಎತ್ತಿದ ಕಪ್ಪು ಗಂಡಸು. ಇಟಲಿಯ ಫೆರಾರಾದಲ್ಲಿ ಸ್ಕಿಫನೋಯಾ ಅರಮನೆಯ ಗೋಡೆಯ ಮೇಲೆ, 1470ರ ಸುಮಾರಿಗೆ ಬರೆದ ಮಾರ್ಚ್ ತಿಂಗಳ ಚಿತ್ರದಲ್ಲಿ, ಹರಿದ ಬಿಳಿ ಬಟ್ಟೆ ತೊಟ್ಟು ಸೊಂಟಕ್ಕೆ ಹಗ್ಗ ಬಿಗಿದು ಅವನು ನಿಂತಿದ್ದಾನೆ. ಕೊಡಲಿ ಮಾತ್ರ ದಾರಿಯಲ್ಲಿ ಎಲ್ಲೋ ಬಿದ್ದುಹೋಗಿದೆ.

ಇಂಗ್ಲೆಂಡಿನ ಕವಿ ಚಾಸರ್‌ನನ್ನು ಬಿಟ್ಟರೆ ಈ ಉತ್ತರ ಸಪ್ಪೆ. ಅವನ ‘ಕ್ಯಾಂಟರ್ಬರಿ ಟೇಲ್ಸ್’ನಲ್ಲಿ ಬಾತ್ ಊರಿನ ಹೆಂಗಸೊಬ್ಬಳು ಬರುತ್ತಾಳೆ. ಬಟ್ಟೆ ನೇಯಿಸುವವಳು, ಒಂದು ಕಿವಿ ಮಂದ, ಹಲ್ಲುಸಂದಿ, ಐದು ಮದುವೆ. ತನ್ನ ಜಾತಕ ತಾನೇ ಹೇಳುತ್ತಾಳೆ: ಲಗ್ನ ವೃಷಭ, ಅದರಲ್ಲೇ ಕುಜ. ಆಸೆ ಕೊಟ್ಟವನು ಶುಕ್ರ, ಗಟ್ಟಿ ಎದೆ ಕೊಟ್ಟವನು ಕುಜ. ಕುಜನ ಗುರುತು ಮುಖದ ಮೇಲಿದೆ, ಇನ್ನೊಂದು ಗುಟ್ಟಿನ ಜಾಗದಲ್ಲೂ ಇದೆಯಂತೆ. (ನಮ್ಮಲ್ಲಾಗಿದ್ದರೆ ಲಗ್ನದಲ್ಲಿ ಕುಜ ಅಂದ ಕೂಡಲೇ ಗಂಡಿನ ಕಡೆಯವರು ಎದ್ದು ಹೋಗುತ್ತಿದ್ದರು. ಇವಳು ಐದು ಗಂಡಂದಿರನ್ನು ಕಟ್ಟಿಕೊಂಡಳು!) ಅಷ್ಟೆಲ್ಲ ಹೇಳಿ, ಅಯ್ಯೋ, ಪ್ರೀತಿಯೂ ಪಾಪವಾಯಿತಲ್ಲ ಅಂತ ಹಲುಬುತ್ತಾಳೆ. ಅವಳಿಗೆ ಜಾತಕ ಒಂದು ನೆಪ ಅನ್ನುವವರಿದ್ದಾರೆ. ನಾನು ಪೂರ್ತಿ ಒಪ್ಪುವುದಿಲ್ಲ. ಹೆಂಗಸರ ಬಗ್ಗೆ ಪಂಡಿತರು ಬರೆದ ಬೈಗುಳದ ಪುಸ್ತಕವನ್ನು ಐದನೇ ಗಂಡ ದಿನಾ ರಾತ್ರಿ ಅವಳ ಮುಂದೆ ಓದುತ್ತಿದ್ದ. ಅವಳ ಬಗ್ಗೆ ಮಾತಾಡಲು ಅವನಿಗೊಂದು ಪುಸ್ತಕ ಇತ್ತು. ಅವಳಿಗೆ ಆಕಾಶ ಇತ್ತು.

ಅದೇ ಚಾಸರ್ 1391ರಲ್ಲಿ ಹತ್ತು ವರ್ಷದ ಮಗ ಲೂಯಿಸ್‌ಗಾಗಿ ಆಸ್ಟ್ರೋಲೇಬ್ ಎಂಬ, ಆಕಾಶ ಅಳೆಯುವ ಉಪಕರಣ ಬಳಸುವ ಕೈಪಿಡಿ ಬರೆದ. ಹುಡುಗನಿಗೆ ಲ್ಯಾಟಿನ್ ಅಷ್ಟಾಗಿ ಬರದು, ಅದಕ್ಕೇ ಇಂಗ್ಲಿಷಿನಲ್ಲಿ. ಲಗ್ನ ಕಂಡುಹಿಡಿಯುವುದನ್ನೂ ಹೇಳಿಕೊಟ್ಟ. ಫಲ ಹೇಳುವ ವಿಷಯಕ್ಕೆ ಬಂದಾಗ, ಇದು ಅನ್ಯಮತದವರ ಆಚಾರ, ಇದರಲ್ಲಿ ನನಗೆ ನಂಬಿಕೆ ಇಲ್ಲ ಅಂತ ಬರೆದ.

ನಿಮ್ಮ ಕೊನೇ ಪ್ರಶ್ನೆ, ನಮ್ಮೂರ ಜೋಯಿಸರದು. ಗ್ರಹ ನೋಡಿ ಸ್ವಭಾವ ತಿಳಿಯುತ್ತದೆ ಅಂತ ನಾನು ನಂಬುವುದಿಲ್ಲ. ಆದರೆ ನನ್ನ ಜಾತಕದಲ್ಲಿ ‘ಮುಂಗೋಪಿ’ ಅಂತ ಅಜ್ಜ ಕೆಂಪು ಶಾಯಿಯಲ್ಲಿ ಬರೆದಿಟ್ಟಿದ್ದಾರೆ. ‘ನಿದ್ದೆ ಮಾಡುತ್ತಿದ್ದರಾ’ ಎಂಬ ನಿಮ್ಮ ಸಾಲು ಓದಿದಾಗ ಅದು ನೆನಪಾಯಿತು. ಈ ಉತ್ತರವನ್ನು ಮಾರನೇ ದಿನ ಬರೆದೆ.

— ಸಂ.