ಸೊಸೈಟಿಯಲ್ಲಿ ಸಾಲ ಇದ್ದರೆ ಡೈರೆಕ್ಟರ್ ಚುನಾವಣೆಗೆ ನಿಲ್ಲಬಹುದಾ?

ನಿಮ್ಮ ಅಣ್ಣ ಊರಿನ ಕೃಷಿ ಪತ್ತಿನ ಸಂಘದ ಚುನಾವಣೆಗೆ ನಿಲ್ಲಬೇಕು ಅಂತಿದ್ದಾರೆ, ಬೆಳೆಸಾಲ ಇದೆ, ಅದಕ್ಕೆ ಅನರ್ಹ ಮಾಡ್ತಾರಾ ಅಂತ ಕೇಳಿದ್ದೀರಿ. ಸಾಲ ಇದೆ ಅನ್ನೋ ಕಾರಣಕ್ಕೆ ಯಾರನ್ನೂ ಅನರ್ಹ ಮಾಡುವ ಹಾಗಿಲ್ಲ. ಸಾಲಗಾರ ಬೇರೆ, ಸುಸ್ತಿದಾರ ಬೇರೆ. ಸಾಲಗಾರ ಕ್ಷೇತ್ರ ಅಂತ ಪ್ರತ್ಯೇಕ ಸ್ಥಾನಗಳೇ ಇರುತ್ತವಲ್ವಾ, ಸಾಲ ಇದ್ದವರು ನಿಲ್ಲಬಾರದು ಅಂದರೆ ಅಲ್ಲಿ ಯಾರು ನಿಲ್ಲುವುದು? ಗಡುವು ದಾಟಿಯೂ ಕಟ್ಟದೆ ಉಳಿದ ಬಾಕಿ ಇದ್ದರೆ ಮಾತ್ರ ತೊಂದರೆ.

ಇದನ್ನು ಇಷ್ಟು ಒತ್ತಿ ಹೇಳಲು ಕಾರಣ ಇದೆ. ನಾನು ಉಡುಪಿ ಜಿಲ್ಲೆಯವನು, ಸ್ವಲ್ಪ ಅಡಿಕೆ, ಸ್ವಲ್ಪ ಗದ್ದೆ. ಕೆಲವು ವರ್ಷದ ಹಿಂದೆ ನಾನೂ ನಾಮಪತ್ರ ಹಾಕಿದ್ದೆ. ಬೆಳೆಸಾಲ ಪೂರ್ತಿ ಕಟ್ಟಿದ್ದೆ, ರಶೀದಿ ಕಿಸೆಯಲ್ಲೇ ಇತ್ತು. ಆಫೀಸಿನಲ್ಲಿ ಕೇಳಿದಾಗ "ನಿಮ್ಮದು ಎಂತದೂ ಇಲ್ಲ, ಹಾಕಿ ಮಾರಾಯ್ರೆ" ಅಂದಿದ್ದರು. ಪರಿಶೀಲನೆಯ ದಿನ ಎದುರಿನವರು ಎದ್ದು ನಿಂತು ತಕರಾರು ತೆಗೆದರು. ಲೆಡ್ಜರ್ ತರಿಸಿದರು. ನನ್ನ ಹೆಸರಿನ ಪುಟದಲ್ಲಿ ಎರಡು ಚೀಲ ಯೂರಿಯಾ, 536 ರೂಪಾಯಿ, ಪೆನ್ಸಿಲಿನಲ್ಲಿ ಬರೆದದ್ದು. ನನ್ನ ತಮ್ಮ ಅದನ್ನು ಕಡದಲ್ಲಿ ತಂದಿದ್ದನಂತೆ, ನನಗೆ ನೆನಪೇ ಇಲ್ಲ. ಅಲ್ಲೇ ದುಡ್ಡು ತೆಗೆದು ಮೇಜಿನ ಮೇಲಿಟ್ಟೆ. ರಿಟರ್ನಿಂಗ್ ಅಧಿಕಾರಿ ತೆಗೆದುಕೊಳ್ಳಲಿಲ್ಲ. "ಸುಸ್ತಿದಾರರಾಗಿರುವುದರಿಂದ ತಿರಸ್ಕರಿಸಲಾಗಿದೆ" ಅಂತ ಒಂದೇ ಸಾಲು ಬರೆದು ಸಹಿ ಹಾಕಿದರು. ಮೊಳಹಳ್ಳಿ ಶಿವರಾಯರು ಸೊಸೈಟಿ ಕಟ್ಟಿ ಬೆಳೆಸಿದ ಸೀಮೆ ಇದು, ಇಲ್ಲಿ ಸೊಸೈಟಿ ಬಾಕಿ ಇಟ್ಟವ ಅಂದರೆ ಮರ್ಯಾದೆಯ ಮಾತು. ಆ ಸಂಜೆ ಮನೆಗೆ ಹೋಗಿ ಅಮ್ಮನಿಗೆ ಹೇಳುವಾಗ ನನಗೆ ಗಂಟಲು ಕಟ್ಟಿತ್ತು.

ಆಮೇಲೆ ಪರಿಚಯದ ವಕೀಲರೊಬ್ಬರು ಒಂದೇ ಪ್ರಶ್ನೆ ಕೇಳಿದರು, ಆ 536 ರೂಪಾಯಿ ಕಟ್ಟಲು ಕೊನೆಯ ದಿನ ಯಾವುದಿತ್ತು? ಗಡುವು ಅಂತ ಯಾರೂ ಹೇಳಿರಲಿಲ್ಲ, ನೋಟಿಸೂ ಬಂದಿರಲಿಲ್ಲ. ಗಡುವೇ ಇಲ್ಲದ ಬಾಕಿ ಸುಸ್ತಿ ಹೇಗೆ ಆಗುತ್ತದೆ, ಅದನ್ನು ಅಲ್ಲೇ ಕೇಳಿ ಬರವಣಿಗೆಯಲ್ಲಿ ದಾಖಲು ಮಾಡಿಸಬೇಕಿತ್ತು ಅಂದರು. ನಾನು ಸುಮ್ನೆ ಎದ್ದು ಬಂದಿದ್ದೆ.

ಹಾಗಾಗಿ ಅಣ್ಣನಿಗೆ ಹೇಳಿ, ನಾಮಪತ್ರಕ್ಕೆ ಮೊದಲೇ ಬಾಕಿ ಇಲ್ಲ ಅನ್ನುವ ಪತ್ರವನ್ನು ಸೀಲು, ಸಹಿ, ತಾರೀಖು ಹಾಕಿಸಿ ತೆಗೆದುಕೊಳ್ಳಲಿ. ಬೆಳೆಸಾಲ ಒಂದೇ ಅಲ್ಲ, ಗೊಬ್ಬರದ ಲೆಕ್ಕ, ಬಂಗಾರದ ಸಾಲ, ಬೇರೆಯವರಿಗೆ ಹಾಕಿದ ಜಾಮೀನು, ಎಲ್ಲ ನೋಡಲಿ. ಜಾಮೀನಿನ ಮೇಲೂ ತಕರಾರು ತೆಗೆಯುವವರಿದ್ದಾರೆ. ಬೇರೆ ಸೊಸೈಟಿಯಲ್ಲಿ ಸಾಲ ಇದ್ದರೆ ಅಲ್ಲಿಂದಲೂ ಪತ್ರ ಬೇಕು.

ಇನ್ನು ಕಾನೂನು. ಕರ್ನಾಟಕ ಸಹಕಾರ ಸಂಘಗಳ ಕಾಯ್ದೆ 1959ರಲ್ಲಿ 29ಸಿ ಕಲಂ ಅಂತ ಇದೆ, ಆಡಳಿತ ಮಂಡಳಿಗೆ ಯಾರು ಅನರ್ಹರು ಅಂತ ಹೇಳುವುದು ಅದೇ. ಸುಸ್ತಿ ಅದರಲ್ಲಿ ಒಂದು. ಸಂಘದ ಜೊತೆ ಗುತ್ತಿಗೆ ವ್ಯವಹಾರ ಇಟ್ಟುಕೊಂಡವರು, ಸಂಘದಲ್ಲೇ ಸಂಬಳಕ್ಕೆ ಇರುವವರು, ಇವರಿಗೂ ಅಡ್ಡಿ ಇದೆ. ಗೆದ್ದ ಮೇಲೂ ಇದು ಬಿಡುವುದಿಲ್ಲ, ಡೈರೆಕ್ಟರ್ ಆಗಿದ್ದಾಗ ಸುಸ್ತಿ ಆದರೆ ಸ್ಥಾನಕ್ಕೇ ಕುತ್ತು ಬರುತ್ತದೆ.

ಜಾಸ್ತಿ ಜನ ತಪ್ಪುವುದು ಇನ್ನೊಂದು ಕಡೆ. ನಿಮ್ಮ ಸಂಘ ಯಾವ ಕಾಯ್ದೆಯ ಕೆಳಗೆ ನೋಂದಣಿ ಆಗಿದೆ ಅಂತ ಮೊದಲು ನೋಡಬೇಕು. ಊರಿನ ಕೃಷಿ ಪತ್ತಿನ ಸಂಘ ಆದರೆ 1959ರ ಕಾಯ್ದೆ. ಹೆಸರಿನಲ್ಲಿ ಸೌಹಾರ್ದ ಅಂತ ಇದ್ದರೆ 1997ರ ಸೌಹಾರ್ದ ಸಹಕಾರಿ ಕಾಯ್ದೆ. ಅಡಿಕೆ ಬೆಳೆಗಾರರ ಸಹಕಾರ ಸಂಸ್ಥೆಯಾದ ಮಂಗಳೂರಿನ ಕ್ಯಾಂಪ್ಕೊ ತರಹ ಎರಡು ರಾಜ್ಯಗಳಲ್ಲಿ ಹರಡಿದ್ದಾದರೆ ಕೇಂದ್ರದ 2002ರ ಬಹುರಾಜ್ಯ ಸಹಕಾರ ಸಂಘಗಳ ಕಾಯ್ದೆ. ಒಂದರ ನಿಯಮ ಹಿಡಿದುಕೊಂಡು ಇನ್ನೊಂದರಲ್ಲಿ ವಾದ ಮಾಡಿದರೆ ಮೇಜಿನ ಆಚೆ ಕೂತವರು ಕೇಳುವುದೇ ಇಲ್ಲ.

ಮತದಾರರ ಪಟ್ಟಿಯೂ ನೋಡಲಿ. ಅರ್ಹ, ಅನರ್ಹ ಅಂತ ಎರಡು ಪಟ್ಟಿ ಹಾಕುತ್ತಾರೆ. ಮಹಾಸಭೆಗೆ ಬಾರದವರು, ವ್ಯವಹಾರ ಮಾಡದವರು ಅನರ್ಹ ಪಟ್ಟಿಗೆ ಬೀಳುತ್ತಾರೆ. ಸೂಚಕರ ಹೆಸರು ಯಾವ ಪಟ್ಟಿಯಲ್ಲಿದೆ ಅಂತಲೂ ನೋಡಿಕೊಳ್ಳಿ. ಕರಡು ಪಟ್ಟಿಗೆ ಆಕ್ಷೇಪಣೆ ಕೊಡಲು ದಿನ ಇರುತ್ತದೆ, ಅದು ದಾಟಿದರೆ ಕಷ್ಟ. ಮತದ ಹಕ್ಕಿಗಾಗಿ ಹೈಕೋರ್ಟಿಗೆ ಹೋಗಿ ಮಧ್ಯಂತರ ಆದೇಶ ತಂದವರ ಮತವನ್ನು ಬೇರೆ ಪೆಟ್ಟಿಗೆಯಲ್ಲಿ ಇಟ್ಟ ಸುದ್ದಿ ಪೇಪರಿನಲ್ಲಿ ನೀವೂ ಓದಿರಬಹುದು. ಆದರೆ ನಾಮಪತ್ರ ತಿರಸ್ಕಾರ ಆದ ಮೇಲೆ ನಡುವೆ ಚುನಾವಣೆ ನಿಲ್ಲಿಸಲು ಕೋರ್ಟು ಸಾಮಾನ್ಯವಾಗಿ ಒಪ್ಪುವುದಿಲ್ಲ, ಫಲಿತಾಂಶದ ನಂತರ 70ನೇ ಕಲಂ ಕೆಳಗೆ ಚುನಾವಣಾ ವಿವಾದ ಹೂಡಿ ಅನ್ನುತ್ತದೆ. ಅದು ಎಳೆಯುತ್ತದೆ, ಮತ್ತು ಅಲ್ಲಿ ಕೇಳುವುದು ಬಾಯಿ ಮಾತಲ್ಲ, ಕಾಗದ. ಹಾಗಾಗಿ ತಿರಸ್ಕಾರ ಮಾಡಿದರೆ ಆದೇಶದ ಪ್ರತಿ ಅದೇ ದಿನ ಕೇಳಿ ಪಡೆಯಿರಿ.

ಅಣ್ಣನ ಬೆಳೆಸಾಲದ ಗಡುವು ಯಾವ ತಾರೀಖು, ನಾಮಪತ್ರ ಪರಿಶೀಲನೆ ಯಾವ ತಾರೀಖು, ಇವೆರಡನ್ನು ತಿಳಿಸಿ. ಗಡುವು ಮೊದಲು ಬರುವುದಾದರೆ ಈ ವಾರವೇ ಕಟ್ಟಿ ರಶೀದಿ ತೆಗೆದುಕೊಳ್ಳಲು ಹೇಳಿ.