ಬಾವಲಿ ಸೈತಾನನಾದದ್ದು ಹೇಗೆ?

ಪ್ರಶ್ನೆ: ಫ್ರಾನ್ಸಿನ ಜಾರ್ಜ್ ಮೆಲಿಯೆಸ್ 1896ರಲ್ಲಿ ತೆಗೆದ ‘ಲ ಮಾನ್ವಾರ್ ದ್ಯು ದಿಯಾಬ್ಲ್’ ಮೂಕಿಚಿತ್ರದಲ್ಲಿ ಹಾರಾಡುವ ಬಾವಲಿ ಕಣ್ಣೆದುರೇ ಸೈತಾನನಾಗುತ್ತದೆ. ಮೊಬೈಲಿನಲ್ಲಿ ಹಾಗೇ ಮಾಡಲು ಹೋದೆ. ರೆಕಾರ್ಡಿಂಗ್ ನಿಲ್ಲಿಸಿ ಮತ್ತೆ ಶುರು ಮಾಡಿದ ಕಡೆ ಚಿತ್ರ ಎಗರುತ್ತದೆ. ಏನು ತಪ್ಪಾಗಿದೆ?

ಉತ್ತರ: ಕ್ಯಾಮೆರಾ ನಿಲ್ಲಿಸಿ, ಬಾವಲಿಯ ಜಾಗಕ್ಕೆ ನಟನನ್ನು ತಂದು ಮತ್ತೆ ಶುರು ಮಾಡಿದರೆ ಅರ್ಧ ಕೆಲಸ ಆದಂತೆ. ಮಿಕ್ಕರ್ಧ ಕತ್ತರಿಯದು. ಆಗಿನ ಕ್ಯಾಮೆರಾವನ್ನು ಕೈಯಲ್ಲೇ ತಿರುಗಿಸಬೇಕಿತ್ತು. ಹಿಡಿಕೆ ಒಂದು ಸುತ್ತು ತಿರುಗಿದರೆ 8 ಫ್ರೇಮ್ (ಬಿಡಿಚಿತ್ರ), ಸೆಕೆಂಡಿಗೆ ಹೆಚ್ಚುಕಡಿಮೆ 2 ಸುತ್ತು. ನಿಲ್ಲಿಸುವಾಗ, ಮತ್ತೆ ಶುರು ಮಾಡುವಾಗ ವೇಗ ತಗ್ಗುತ್ತದೆ. ಆ ಕೆಲವು ಫ್ರೇಮ್‌ಗಳಿಗೆ ಬೆಳಕು ಹೆಚ್ಚಾಗಿ, ಪರದೆಯ ಮೇಲೆ ಬೆಳ್ಳಗೆ ಮಿಂಚಿ ಗುಟ್ಟು ಬಿಟ್ಟುಕೊಡುತ್ತವೆ. ಮೆಲಿಯೆಸ್ ನೆಗೆಟಿವ್‌ನಿಂದ ಅಷ್ಟನ್ನು ಕತ್ತರಿಸಿ ತೆಗೆದು, ಎರಡು ತುದಿಗಳನ್ನು ಅಂಟಿಸುತ್ತಿದ್ದರು. ಅವರ ಚಿತ್ರಗಳ ಹಳೆಯ ಪ್ರತಿಗಳನ್ನು ಪರಿಶೀಲಿಸಿದವರಿಗೆ ಮಾಯೆ ನಡೆಯುವ ಜಾಗದಲ್ಲಿ ಈ ಅಂಟಿನ ಗುರುತು ಸಿಕ್ಕಿದೆ. ‘ಕ್ಯಾಮೆರಾ ನಿಲ್ಲಿಸಿದರು, ಅಷ್ಟೇ’ ಎಂದು ಇವತ್ತಿಗೂ ಬರೆಯುವವರಿದ್ದಾರೆ. ಈ ನಾಜೂಕು ಕೈಕೆಲಸಕ್ಕೆ ಅದು ಅನ್ಯಾಯ.

ನೀವು ರೆಕಾರ್ಡಿಂಗ್ ನಿಲ್ಲಿಸಲೇಬೇಡಿ. ಬಟನ್ ಒತ್ತಿದರೆ ಟ್ರೈಪಾಡ್ ಮೇಲಿದ್ದರೂ ಫೋನು ಕೂದಲೆಳೆಯಷ್ಟು ಅಲುಗುತ್ತದೆ, ಗೋಡೆಯ ಗೆರೆಗಳು ಎಗರುವುದು ಅದಕ್ಕೇ. ಮೊದಲೇ ಎಕ್ಸ್‌ಪೋಶರ್, ಫೋಕಸ್ ಎರಡನ್ನೂ ಲಾಕ್ ಮಾಡಿ. ಇಲ್ಲವಾದರೆ ಕಪ್ಪು ಬಟ್ಟೆಯವರು ಬಂದು ನಿಂತ ಕೂಡಲೇ ಫೋನು ತಾನಾಗಿ ಬೆಳಕು ಏರಿಸುತ್ತದೆ. ದಾರಕ್ಕೆ ಕಟ್ಟಿದ ಬಾವಲಿಯನ್ನು ನಟನ ಎದೆಯ ಎತ್ತರಕ್ಕೆ ತಂದು, ಅದರ ನೇರಕ್ಕೆ ನೆಲದಲ್ಲಿ ಸೀಮೆಸುಣ್ಣದ ಗುರುತು ಹಾಕಿ. ದೃಶ್ಯದಲ್ಲಿ ಬೇರೆಯವರಿದ್ದರೆ ಬೊಂಬೆಯ ಹಾಗೆ ನಿಂತಿರಲಿ. ಬಾವಲಿ ತೆಗೆದು ನಟ ಗುರುತಿನ ಮೇಲೆ ನಿಲ್ಲಲಿ, ಕೈ ಬೀಸುತ್ತಲೇ ಅಭಿನಯ ಶುರು ಮಾಡಲಿ. ಆಮೇಲೆ ಎಡಿಟಿಂಗ್‌ನಲ್ಲಿ ನಡುವಿನದನ್ನು ತೆಗೆದು, ಬಾವಲಿ ಇನ್ನೂ ಅಲುಗಾಡುತ್ತಿರುವ ಫ್ರೇಮ್‌ಗೆ ಕೈ ಆಗಲೇ ಬೀಸುತ್ತಿರುವ ಫ್ರೇಮ್ ಜೋಡಿಸಿ. ಚಲನೆಗೆ ಚಲನೆ ಕೂಡಿದರೆ ಕಣ್ಣು ಮೋಸ ಹೋಗುತ್ತದೆ. ಒಂದೊಂದೇ ಫ್ರೇಮ್ ಹಿಂದೆ ಮುಂದೆ ಸರಿಸಿ ನೋಡಿ, ಅವಸರ ಬೇಡ. ಕಿಟಕಿಯ ಬೆಳಕನ್ನು ನಂಬಬೇಡಿ. ಒಂದು ಮೋಡ ಸರಿದರೆ ನೆರಳು ಬದಲಾಗಿ ಇಷ್ಟು ಶ್ರಮವೂ ವ್ಯರ್ಥ.

ಪ್ರಶ್ನೆ: ಎಡಿಸನ್ ಕಂಪನಿಯ 1910ರ ‘ಫ್ರಾಂಕೆನ್‌ಸ್ಟೈನ್’ನಲ್ಲಿ ಕಡಾಯಿಯೊಳಗೆ ಮೈ ಕೂಡಿಕೊಂಡು ವಿಕಾರ ಜೀವಿ ಏಳುತ್ತದೆ. ಅದೂ ಕತ್ತರಿಯ ಕೆಲಸವೇ?

ಉತ್ತರ: ಅಲ್ಲ. ಬೊಂಬೆಗೆ ಬೆಂಕಿಯಿಟ್ಟು, ಅದು ಉರಿದು ಕುಸಿಯುವುದನ್ನು ಚಿತ್ರಿಸಿ ಹಿಂದುಮುಂದಾಗಿ ತೋರಿಸಿದ್ದಾರೆ. ಮುಂದಿನ ಸಲ ನೋಡುವಾಗ ಹೊಗೆಯ ಮೇಲೆ ಕಣ್ಣಿಡಿ: ಮೇಲೇರಬೇಕಾದ ಹೊಗೆ ಬೊಂಬೆಯ ಕಡೆಗೇ ಇಳಿದು ಬರುತ್ತದೆ.